ದಾರಿಯ ಹಕ್ಕು ಮತ್ತು ನಮ್ಮ ರಜೆಯ ಪ್ರವಾಸಗಳು

(ಜುಮಾ ಖುತ್ಬಾದ ಸಾರಾಂಶ)

ಸರ್ವಸ್ತುತಿ ಅಲ್ಲಾಹನಿಗೆ ಮೀಸಲು. ಭೂಮಿಯನ್ನು ನಮಗಾಗಿ ಹಾಸಿ, ಅದರಲ್ಲಿ ಪರ್ವತಗಳನ್ನು ನೆಲೆಗೊಳಿಸಿ, ಆಕಾಶದಿಂದ ಮಳೆ ಸುರಿಸಿ ನದಿಗಳನ್ನು ಹರಿಸಿದವನು ಅವನೇ. ಅಂತಿಮ ಪ್ರವಾದಿ ಮುಹಮ್ಮದ್(ಸ)ರ ಮೇಲೆ, ಅವರ ಕುಟುಂಬದ ಮೇಲೆ, ಸಹಾಬಿಗಳ ಮೇಲೆ ಅವನ ಕೃಪೆ ಮತ್ತು ಶಾಂತಿ ಇರಲಿ.

ಪ್ರಿಯ ಸಹೋದರ ಸಹೋದರಿಯರೇ,

ಶಾಲೆಗಳಿಗೂ ಮದ್ರಸಗಳಿಗೂ ರಜೆ ಸಿಕ್ಕಿದೆ. ಊಟಿ, ಕೊಡಗು, ಚಿಕ್ಕಮಗಳೂರು, ವಯನಾಡ್ ಎಂದು ಮನೆಮನೆಯಲ್ಲಿ ಮಾತು ನಡೆದಿದೆ. ಝಿಯಾರತ್‌ಗೆ ಹೊರಡುವ ಬಸ್ಸುಗಳೂ ಹೋಗುವ ದಾರಿಯಲ್ಲೊಂದು ಜಲಪಾತ, ಬರುವ ದಾರಿಯಲ್ಲೊಂದು ಗಿರಿಧಾಮ ಸೇರಿಸಿಕೊಳ್ಳುತ್ತವೆ. ವರ್ಷವಿಡೀ ಅಡುಗೆಮನೆಯಲ್ಲಿ ದುಡಿಯುವ ತಾಯಂದಿರಿಗೆ, ಪಾಠದ ಹೊರೆ ಹೊತ್ತ ಮಕ್ಕಳಿಗೆ, ಗಲ್ಫ್‌ನಿಂದ ತಿಂಗಳ ರಜೆಯಲ್ಲಿ ಬಂದ ಸಹೋದರರಿಗೆ ಇದು ಸಂತೋಷದ ಕಾಲ. ಈ ಸಂತೋಷ ತಪ್ಪಲ್ಲ. ಕುಟುಂಬದ ಮನಸ್ಸನ್ನು ಹಗುರಗೊಳಿಸುವುದೂ ಒಂದು ಒಳಿತೇ.

ಪ್ರಯಾಣವನ್ನು ನಮ್ಮ ದೀನ್ ತಡೆದಿಲ್ಲ, ಪ್ರೋತ್ಸಾಹಿಸಿದೆ. ಭೂಮಿಯಲ್ಲಿ ಸಂಚರಿಸಿ ಅಲ್ಲಾಹನು ಸೃಷ್ಟಿಯನ್ನು ಹೇಗೆ ಆರಂಭಿಸಿದನೆಂಬುದನ್ನು ನೋಡಬೇಕೆಂದು ಸೂರಃ ಅಲ್ ಅನ್‌ಕಬೂತ್‌ನ 20ನೇ ಸೂಕ್ತ ಆದೇಶಿಸುತ್ತದೆ. ಪ್ರಯಾಣಿಕನಿಗೆ ದೀನ್ ಎಷ್ಟೊಂದು ರಿಯಾಯಿತಿ ಕೊಟ್ಟಿದೆ ನೋಡಿ. ನಾಲ್ಕು ರಕಅತ್‌ಗಳ ಕಡ್ಡಾಯ ನಮಾಝ್ ಅವನಿಗೆ ಎರಡಾಗುತ್ತದೆ. ರಮಝಾನಿನ ಉಪವಾಸವನ್ನು ಆತ ಮುಂದೂಡಬಹುದು. ದಾರಿಯಲ್ಲಿ ಕಷ್ಟಕ್ಕೆ ಸಿಕ್ಕಿದ ಪ್ರಯಾಣಿಕನಿಗೆ ಝಕಾತ್‌ನಲ್ಲಿ ಪಾಲಿದೆ. ಸೂರಃ ಅತ್ತೌಬಃದ 60ನೇ ಸೂಕ್ತ ಎಣಿಸುವ ಎಂಟು ವರ್ಗಗಳಲ್ಲಿ ಆತನೂ ಒಬ್ಬ. ಇಷ್ಟು ಹಕ್ಕುಗಳನ್ನು ಕೊಟ್ಟ ದೀನ್, ಅದೇ ಪ್ರಯಾಣಿಕನ ಮೇಲೆ ಹೊಣೆ ಹೊರಿಸದೆ ಬಿಡುವುದುಂಟೇ? ಇಂದು ಲೋಕ ಇದನ್ನು ‘ಸುಸ್ಥಿರ ಪ್ರವಾಸೋದ್ಯಮ’ ಎನ್ನುತ್ತದೆ. ವಿಶ್ವಸಂಸ್ಥೆ 2017ನ್ನು ಅದಕ್ಕಾಗಿಯೇ ಮೀಸಲಿಟ್ಟಿತ್ತು. ನಮಗೆ ಇದು ಹೊಸ ಪಾಠವಲ್ಲ. ನಮ್ಮಲ್ಲಿ ಇದರ ಹೆಸರು ‘ದಾರಿಯ ಹಕ್ಕು’.

ಬೀದಿಬದಿಯಲ್ಲಿ ಕುಳಿತುಕೊಳ್ಳುವುದನ್ನು ಬಿಡಲಾಗದು ಎಂದ ಸಹಾಬಿಗಳಿಗೆ ಪ್ರವಾದಿ(ಸ)ರು, ಹಾಗಾದರೆ ದಾರಿಗೆ ಅದರ ಹಕ್ಕನ್ನು ಕೊಡಿ ಎಂದರು. ಆ ಹಕ್ಕು ಏನೆಂದು ಕೇಳಿದಾಗ ಅವರು ಎಣಿಸಿದ್ದು ಇವನ್ನು: ದೃಷ್ಟಿ ತಗ್ಗಿಸುವುದು, ಇತರರಿಗೆ ತೊಂದರೆ ಕೊಡದಿರುವುದು, ಸಲಾಮ್‌ಗೆ ಉತ್ತರಿಸುವುದು, ಒಳಿತನ್ನು ಆದೇಶಿಸುವುದು, ಕೆಡುಕನ್ನು ತಡೆಯುವುದು. ಬುಖಾರಿ ಮತ್ತು ಮುಸ್ಲಿಮ್ ಇದನ್ನು ವರದಿ ಮಾಡಿದ್ದಾರೆ. ಮನೆಮುಂದಿನ ಬೀದಿಗೇ ಇಷ್ಟು ಹಕ್ಕಿದ್ದರೆ, ಅಪರಿಚಿತರ ಊರಿಗೆ, ಅವರ ಕಾಡಿಗೆ, ಅವರ ಹೊಳೆಗೆ ಇನ್ನೆಷ್ಟಿರಬೇಡ!

ಮೊದಲು ನೀರಿನ ವಿಚಾರ ನೋಡೋಣ. ನೀರಿನ ತಾಣ, ಜನ ನಡೆಯುವ ದಾರಿ, ಜನ ವಿಶ್ರಮಿಸುವ ನೆರಳು, ಈ ಮೂರು ಕಡೆ ಮಲಮೂತ್ರ ವಿಸರ್ಜಿಸುವುದು ಶಾಪ ತರುವ ಕೆಲಸವೆಂದು ಪ್ರವಾದಿ(ಸ)ರು ಎಚ್ಚರಿಸಿದ್ದನ್ನು ಅಬೂದಾವೂದ್ ಮತ್ತು ಇಬ್ನು ಮಾಜಃ ವರದಿ ಮಾಡಿದ್ದಾರೆ. ಪ್ರವಾಸಿಗರು ಬಯಸಿ ಬರುವುದೂ ಈ ಮೂರಕ್ಕೇ: ನೀರು, ದಾರಿ, ನೆರಳು. ಜಲಪಾತದ ಬದಿ, ಘಟ್ಟದ ತಿರುವು, ಮರದಡಿ. ಅತಿ ಹೆಚ್ಚು ಕೊಳಕಾಗುವುದೂ ಇವೇ ಮೂರು.

ಚಾರ್ಮಾಡಿ ಘಾಟಿಯನ್ನೇ ತೆಗೆದುಕೊಳ್ಳಿ. ಮಳೆಗಾಲದಲ್ಲಿ ಅಲ್ಲಿ ತಿರುವಿಗೊಂದು ಝರಿ. ಕಾರು ನಿಲ್ಲಿಸಿ ಬಿರಿಯಾನಿ ಪೊಟ್ಟಣ ಬಿಚ್ಚಿ, ತಟ್ಟೆ, ಲೋಟ, ನೀರಿನ ಬಾಟಲಿಗಳನ್ನು ಕೆಳಗಿನ ಕಣಿವೆಗೆ ಎಸೆದು ಹೋಗುವ ಗುಂಪುಗಳನ್ನು ಆ ದಾರಿಯಲ್ಲಿ ಸಾಗುವ ಎಲ್ಲರೂ ಬಲ್ಲರು. ಆ ಕಣಿವೆಯ ನೀರು ಎಲ್ಲಿಗೆ ಹೋಗುತ್ತದೆ? ಮೃತ್ಯುಂಜಯ ಹೊಳೆಗೆ. ಮೃತ್ಯುಂಜಯ ಹೊಳೆ ನೇತ್ರಾವತಿಗೆ. ನೇತ್ರಾವತಿಗೆ ತುಂಬೆಯಲ್ಲಿ ಅಣೆಕಟ್ಟಿದೆ, ಮಂಗಳೂರು ನಗರಕ್ಕೆ ಕುಡಿಯುವ ನೀರು ಬರುವುದು ಅಲ್ಲಿಂದಲೇ. ಘಟ್ಟದ ಮೇಲೆ ಎಸೆದ ತೊಟ್ಟೆ ಕಣ್ಣಿಗೆ ಮರೆಯಾಗುತ್ತದೆ ಅಷ್ಟೇ, ನಾಶವಾಗುವುದಿಲ್ಲ. ಆ ನೀರನ್ನೇ ಮಂಗಳೂರಿನ ಮನೆಗಳಲ್ಲಿ ಮಗುವಿಗೆ ಕುಡಿಸುತ್ತಾರೆ, ಮಸೀದಿಗಳ ನಲ್ಲಿಗಳಲ್ಲಿ ಅದರಿಂದಲೇ ವುಝೂ ಮಾಡುತ್ತಾರೆ. ಘಟ್ಟ ಹತ್ತುವವನು ಕೆಳಗಿರುವ ಲಕ್ಷಾಂತರ ಜನರ ಬಾವಿಕಟ್ಟೆಯ ಮೇಲೆ ನಿಂತಿದ್ದಾನೆ ಎಂಬುದನ್ನು ಮರೆಯಬಾರದು.

ಘಟ್ಟದ ಮೇಲಿರುವ ಶೋಲಾ ಕಾಡು ಮತ್ತು ಹುಲ್ಲುಗಾವಲು ಬರೀ ಫೋಟೋ ತೆಗೆಯುವ ಜಾಗವಲ್ಲ. ಮಳೆಯ ನೀರನ್ನು ಹೀರಿಕೊಂಡು ಬೇಸಿಗೆಯಲ್ಲಿ ತೊರೆಯಾಗಿ ಬಿಡುವುದು ಅದೇ. ಕಾವೇರಿ, ತುಂಗಾ, ಭದ್ರಾ, ಹೇಮಾವತಿ, ನೇತ್ರಾವತಿ ಎಲ್ಲವೂ ಹುಟ್ಟುವುದು ಈ ಮಲೆಗಳಲ್ಲಿ. ಆ ಹುಲ್ಲುಗಾವಲಿನಲ್ಲಿ ರಸ್ತೆ ಬಿಟ್ಟು ಜೀಪು, ಬೈಕು ಓಡಿಸಿದರೆ ಹುಲ್ಲು ಸತ್ತು ಮಣ್ಣು ಗಟ್ಟಿಯಾಗುತ್ತದೆ. ನೀರು ಇಂಗದೆ ಮೇಲ್ಮಣ್ಣನ್ನು ಕೊಚ್ಚಿಕೊಂಡು ಹೋಗುತ್ತದೆ. ಭೂಮಿಯ ಮೇಲೆ ಅಹಂಕಾರದಿಂದ ನಡೆಯುವವನು ಭೂಮಿಯನ್ನು ಸೀಳಲಾರ, ಎತ್ತರದಲ್ಲಿ ಪರ್ವತಗಳನ್ನು ಮುಟ್ಟಲಾರ ಎಂಬ ಅರ್ಥದ ಎಚ್ಚರಿಕೆ ಸೂರಃ ಬನೀ ಇಸ್ರಾಈಲ್‌ನ 37ನೇ ಸೂಕ್ತದಲ್ಲಿದೆ. ರಹ್ಮಾನನ ದಾಸರ ಮೊದಲ ಗುಣವಾಗಿ ಸೂರಃ ಅಲ್ ಫುರ್ಕಾನ್‌ನ 63ನೇ ಸೂಕ್ತ ಹೇಳುವುದು ಅವರ ನಡಿಗೆಯ ವಿನಯವನ್ನು. ಪರ್ವತದ ತುದಿಯಲ್ಲಿ ನಿಂತವನು ನೆನಪಿಸಿಕೊಳ್ಳಬೇಕಾದ ಸೂಕ್ತಗಳಿವು.

ಎರಡನೆಯದು, ಇತರ ಜೀವಿಗಳ ಹಕ್ಕು. ಸಹೀಹ್ ಮುಸ್ಲಿಮ್‌ನಲ್ಲಿ ಅಬೂಹುರೈರಾ(ರ)ರಿಂದ ವರದಿಯಾದ ಒಂದು ಹದೀಸ್ ಇದೆ. ಹಸಿರಿರುವ ನೆಲದಲ್ಲಿ ಸಾಗುವಾಗ ಒಂಟೆಗಳಿಗೆ ಮೇಯಲು ಅವುಗಳ ಪಾಲು ಬಿಡಬೇಕೆಂದು ಪ್ರವಾದಿ(ಸ)ರು ಅದರಲ್ಲಿ ಕಲಿಸಿದ್ದಾರೆ. ರಾತ್ರಿ ತಂಗುವಾಗ ದಾರಿಯ ಮೇಲೆ ತಂಗಬಾರದು, ಏಕೆಂದರೆ ಅದು ರಾತ್ರಿಯಲ್ಲಿ ಪ್ರಾಣಿಗಳು ಸಾಗುವ ಮಾರ್ಗ, ಹುಳಹುಪ್ಪಟೆಗಳ ಆಶ್ರಯ ಎಂದೂ ಹೇಳಿದ್ದಾರೆ. ಇದರಲ್ಲಿ ಪ್ರಯಾಣಿಕನ ಸುರಕ್ಷತೆಯೂ ಇದೆ, ಹಗಲು ನಮ್ಮದಾಗಿರುವ ದಾರಿ ಇರುಳಲ್ಲಿ ಇನ್ನೊಂದು ಸಮುದಾಯದ ದಾರಿ ಎಂಬ ಅರಿವೂ ಇದೆ. ಭೂಮಿಯಲ್ಲಿ ನಡೆಯುವ ಪ್ರಾಣಿಗಳೂ ಹಾರುವ ಪಕ್ಷಿಗಳೂ ನಮ್ಮಂತೆಯೇ ಸಮುದಾಯಗಳು ಎಂದು ಸೂರಃ ಅಲ್ ಅನ್‌ಆಮ್‌ನ 38ನೇ ಸೂಕ್ತ ತಿಳಿಸುತ್ತದೆಯಲ್ಲವೇ?

ಈಗ ಬಂಡೀಪುರವನ್ನು ನೆನಪಿಸಿಕೊಳ್ಳಿ. ಗುಂಡ್ಲುಪೇಟೆಯಿಂದ ವಯನಾಡಿಗೂ ಊಟಿಗೂ ಹೋಗುವ ಹೆದ್ದಾರಿಗಳು ಆ ಹುಲಿ ಸಂರಕ್ಷಿತ ಅರಣ್ಯದೊಳಗೆ ಹಾದುಹೋಗುತ್ತವೆ. 2009ರಿಂದ ಅಲ್ಲಿ ರಾತ್ರಿ 9ರಿಂದ ಬೆಳಿಗ್ಗೆ 6ರವರೆಗೆ ವಾಹನ ಸಂಚಾರಕ್ಕೆ ನಿರ್ಬಂಧವಿದೆ. ಅದಕ್ಕೆ ಮುಂಚೆ ರಾತ್ರಿಯ ವಾಹನಗಳಿಗೆ ಸಿಕ್ಕಿ ಜಿಂಕೆಯಿಂದ ಹಿಡಿದು ಆನೆ, ಚಿರತೆಯವರೆಗೆ ಪ್ರಾಣಿಗಳು ಸಾಯುತ್ತಿದ್ದವು. ಈ ನಿರ್ಬಂಧದಿಂದ ವಯನಾಡಿನ ಜನರಿಗೂ ತರಕಾರಿ ಸಾಗಿಸುವ ವ್ಯಾಪಾರಿಗಳಿಗೂ ಕಷ್ಟವಿದೆ. ಅವರ ಅಳಲು ಸುಳ್ಳಲ್ಲ, ಅದನ್ನು ನ್ಯಾಯಾಲಯದಲ್ಲೂ ಹೇಳಿಕೊಂಡಿದ್ದಾರೆ. ಆದರೆ ವಿನೋದಕ್ಕಾಗಿ ಹೊರಟ ನಮಗೆ ಅಂತಹ ಯಾವ ಅನಿವಾರ್ಯತೆಯೂ ಇಲ್ಲ. ಒಂಬತ್ತಕ್ಕೆ ಗೇಟು ಮುಚ್ಚುವುದರೊಳಗೆ ದಾಟಬೇಕೆಂದು ಕಾಡಿನ ನಡುವೆ ವೇಗವಾಗಿ ಓಡಿಸುವುದು, ಆನೆ ಕಂಡರೆ ಕಾರಿನಿಂದಿಳಿದು ಸೆಲ್ಫಿಗೆ ನಿಲ್ಲುವುದು, ಹಾರ್ನ್ ಹೊಡೆದು ಕೆಣಕುವುದು ದಾರಿಯ ಹಕ್ಕನ್ನು ಕಸಿಯುವ ಕೆಲಸ. ಜೀವಕ್ಕೂ ಅಪಾಯ.

ಇಲ್ಲೊಂದು ತಪ್ಪು ತಿಳುವಳಿಕೆಯನ್ನು ನಿವಾರಿಸಬೇಕು. ಘಟ್ಟದ ದಾರಿಯಲ್ಲಿ ಮಂಗಗಳಿಗೆ ಬಿಸ್ಕತ್ತು, ಚಿಪ್ಸ್ ಎಸೆಯುವವರು ಅದನ್ನು ಸದಕಾ ಎಂದುಕೊಳ್ಳುತ್ತಾರೆ. ಬಾಯಾರಿದ ನಾಯಿಗೆ ನೀರು ಕೊಟ್ಟವನಿಗೆ ಕ್ಷಮೆ ಸಿಕ್ಕಿದ ಹದೀಸ್ ನಮಗೆಲ್ಲ ಗೊತ್ತು. ಆದರೆ ಆ ನಾಯಿ ಸಂಕಟದಲ್ಲಿತ್ತು. ಕಾಡಿನ ಮಂಗನಿಗೆ ಅಲ್ಲಾಹನು ಕಾಡಿನಲ್ಲಿ ಹಣ್ಣು, ಚಿಗುರು, ಹುಳುಗಳನ್ನಿಟ್ಟಿದ್ದಾನೆ. ನಮ್ಮ ಚಿಪ್ಸಿನ ರುಚಿ ಹತ್ತಿದ ಮಂಗ ರಸ್ತೆಗೆ ಬಂದು ಕೂರುತ್ತದೆ, ಚಕ್ರಕ್ಕೆ ಸಿಕ್ಕಿ ಸಾಯುತ್ತದೆ, ಊರಿನವರ ಮನೆ ಹೊಕ್ಕು ಹಾವಳಿ ಮಾಡುತ್ತದೆ. ಉಪ್ಪಿನ ರುಚಿಗೆ ದನ, ಜಿಂಕೆಗಳು ತೊಟ್ಟೆಯನ್ನೇ ನುಂಗುತ್ತವೆ. ಹಾನಿ ಮಾಡುವ ದಯೆ ದಯೆಯಲ್ಲ.

ಮೂರನೆಯದು, ಮಿತಿಯ ವಿಚಾರ. ಗಿರಿಧಾಮಗಳಲ್ಲಿ ಈಗ ಒಂದೊಂದಾಗಿ ಮಿತಿಗಳು ಬರುತ್ತಿವೆ. ಮದ್ರಾಸ್ ಹೈಕೋರ್ಟಿನ ಆದೇಶದಂತೆ 2024ರ ಮೇ 7ರಿಂದ ಊಟಿ ಮತ್ತು ಕೊಡೈಕೆನಾಲ್‌ಗೆ ಹೋಗುವ ವಾಹನಗಳಿಗೆ ಇ-ಪಾಸ್ ಕಡ್ಡಾಯವಾಯಿತು. 2025ರ ಬೇಸಿಗೆಯಲ್ಲಿ ನೀಲಗಿರಿಗೆ ವಾರದ ದಿನಗಳಲ್ಲಿ 6,000, ವಾರಾಂತ್ಯದಲ್ಲಿ 8,000 ವಾಹನಗಳೆಂದು ಮಿತಿ ಹಾಕಲಾಯಿತು. ನೀಲಗಿರಿ ಜಿಲ್ಲೆಯಲ್ಲಿ ಪ್ಲಾಸ್ಟಿಕ್ ನೀರಿನ ಬಾಟಲಿಗೂ ನಿಷೇಧವಿದೆ. ಅಲ್ಲಲ್ಲಿ ನೀರು ತುಂಬಿಸಿಕೊಳ್ಳುವ ಯಂತ್ರಗಳನ್ನು ಇಟ್ಟಿದ್ದಾರೆ. ನಮ್ಮ ರಾಜ್ಯದ ಕುಮಾರಪರ್ವತಕ್ಕೆ 2024ರ ಜನವರಿ ಕೊನೆಯ ರಜಾದಿನಗಳಲ್ಲಿ ಒಮ್ಮೆಲೇ ಸಾವಿರಾರು ಚಾರಣಿಗರು ಬಂದು, ಚಾರಣವನ್ನೇ ತಾತ್ಕಾಲಿಕವಾಗಿ ನಿಲ್ಲಿಸಿ ಆನ್‌ಲೈನ್ ಬುಕಿಂಗ್ ತರಬೇಕಾಯಿತು.

ಇದನ್ನು ಕಿರುಕುಳ ಎನ್ನುವವರಿದ್ದಾರೆ. ಆದರೆ ಮಿತಿ ಹಾಕಿ ಕಾಯುವುದು ಇಸ್ಲಾಮಿಗೆ ಪರಿಚಯದ ಪದ್ಧತಿ. ಅದರ ಹೆಸರು ‘ಹಿಮಾ’. ಸಾರ್ವಜನಿಕ ಹಿತಕ್ಕಾಗಿ ಕಾಯ್ದಿರಿಸಿದ ಹುಲ್ಲುಗಾವಲು. ಪ್ರವಾದಿ(ಸ)ರು ಮದೀನಾವನ್ನು ಹರಮ್ ಎಂದು ಘೋಷಿಸಿ ಅಲ್ಲಿ ಮರ ಕಡಿಯುವುದನ್ನೂ ಬೇಟೆಯನ್ನೂ ನಿಷೇಧಿಸಿದರು. ಹಝ್ರತ್ ಉಮರ್(ರ) ತಮ್ಮ ಕಾಲದಲ್ಲಿ ಹಿಮಾದ ಉಸ್ತುವಾರಿಗೆ ಹುನಯ್ಯ್ ಎಂಬವರನ್ನು ನೇಮಿಸಿದಾಗ ಕೊಟ್ಟ ಸೂಚನೆ ಬುಖಾರಿಯಲ್ಲಿದೆ. ಮರ್ದಿತನ ಪ್ರಾರ್ಥನೆಗೆ ಅಂಜಬೇಕು. ನಾಲ್ಕಾರು ಒಂಟೆ, ನಾಲ್ಕಾರು ಕುರಿಗಳಿರುವ ಬಡವನನ್ನು ಒಳಗೆ ಬಿಡಬೇಕು. ಅಬ್ದುರ್ರಹ್ಮಾನ್ ಬಿನ್ ಔಫ್(ರ), ಉಸ್ಮಾನ್ ಬಿನ್ ಅಫ್ಫಾನ್(ರ) ಅವರಂತಹ ಸಿರಿವಂತರ ಹಿಂಡುಗಳ ಬಗ್ಗೆ ಎಚ್ಚರವಿರಬೇಕು; ಅವರ ಜಾನುವಾರು ಸತ್ತರೂ ಅವರಿಗೆ ತೋಟ, ಹೊಲಗಳಿವೆ, ಬಡವನಿಗೆ ಬೇರೇನೂ ಇಲ್ಲ. ಗಮನಿಸಿ, ಅವರಿಬ್ಬರೂ ಸ್ವರ್ಗದ ಶುಭವಾರ್ತೆ ಪಡೆದ ಮಹಾನ್ ಸಹಾಬಿಗಳು. ಆದರೂ ಮಿತಿ ಮಿತಿಯೇ.

ಸಹೋದರರೇ, ಈ ಮಾಪನದಿಂದ ನೋಡಿದರೆ ಬೆಟ್ಟದ ನೀರು, ಬೆಟ್ಟದ ರಸ್ತೆಯ ಮೇಲೆ ಮೊದಲ ಹಕ್ಕು ಯಾರದು? ಅಲ್ಲಿಯ ನಿವಾಸಿಯದು. ರಜೆಯ ಭಾನುವಾರ ಕಾರುಗಳ ಸಾಲಿನಲ್ಲಿ ಆಂಬುಲೆನ್ಸ್ ಸಿಕ್ಕಿಬಿದ್ದರೆ ಒಳಗಿರುವುದು ಆ ಊರಿನ ಹೆರಿಗೆ ನೋವಿನ ಹೆಂಗಸು. ರೆಸಾರ್ಟಿನ ಈಜುಕೊಳಕ್ಕೆ ಕೊಳವೆಬಾವಿ ತೋಡಿದಾಗ ಬತ್ತುವುದು ತೋಟ ಕಾರ್ಮಿಕರ ಲೈನ್‌ಮನೆಯ ಬಾವಿ. ನೀಲಗಿರಿಯ ಇ-ಪಾಸ್ ಸ್ಥಳೀಯರ ವಾಹನಗಳಿಗೂ ಸರಕಾರಿ ಬಸ್ಸಿಗೂ ವಿನಾಯಿತಿ ಕೊಟ್ಟಿದ್ದರಲ್ಲಿ ಇದೇ ನ್ಯಾಯವಿದೆ. ಹತ್ತು ಕಾರುಗಳಲ್ಲಿ ಹೋಗುವ ಬಂಧುಬಳಗ ಒಂದು ಬಸ್ಸಿನಲ್ಲಿ ಹೋದರೆ ಖರ್ಚೂ ಇಳಿಯುತ್ತದೆ, ದಾರಿಯ ಹಕ್ಕೂ ಉಳಿಯುತ್ತದೆ.

ನಮ್ಮ ಅತ್ಯಂತ ಪವಿತ್ರ ಪ್ರಯಾಣವಾದ ಹಜ್ಜ್ ಇದನ್ನೇ ಕಲಿಸುತ್ತದೆ. ಇಹ್ರಾಮ್ ತೊಟ್ಟವನಿಗೆ ನೆಲದ ಬೇಟೆ ನಿಷಿದ್ಧ. ಮಕ್ಕಾದ ಹರಮ್‌ನಲ್ಲಿ ಮುಳ್ಳುಗಿಡವನ್ನೂ ಕಡಿಯುವಂತಿಲ್ಲ, ಪ್ರಾಣಿಯನ್ನು ಬೆದರಿಸಿ ಓಡಿಸುವಂತಿಲ್ಲ. ಈ ನಿಯಮ ಘೋಷಿಸಿದಾಗ ಹಝ್ರತ್ ಅಬ್ಬಾಸ್(ರ), ಇದ್‌ಖಿರ್ ಹುಲ್ಲು ಮಕ್ಕಾದವರ ಮನೆಗಳಿಗೂ ಕಮ್ಮಾರರಿಗೂ ಬೇಕಲ್ಲವೇ ಎಂದು ಕೇಳಿದರು. ಪ್ರವಾದಿ(ಸ)ರು ಅದಕ್ಕೆ ವಿನಾಯಿತಿ ಕೊಟ್ಟರು. ಸ್ಥಳೀಯನ ಬದುಕಿನ ಅಗತ್ಯಕ್ಕೆ ವಿನಾಯಿತಿ, ಬಂದುಹೋಗುವವನ ಮೋಜಿಗೆ ಅಲ್ಲ. ಲಬ್ಬೈಕ್ ಎನ್ನುತ್ತ ಹೋದ ನಾಡಿನಲ್ಲಿ ಒಂದು ಮುಳ್ಳನ್ನೂ ಮುರಿಯದವನು, ತನ್ನ ನಾಡಿಗೆ ಮರಳಿದ ಮೇಲೆ ರಜೆಯ ದಿನ ಕಾಡಿನ ಕೊಂಬೆ ಮುರಿದು ಒಲೆ ಹೂಡಿದರೆ ಆ ಹಜ್ಜಿನ ತರಬೇತಿ ಎಲ್ಲಿ ಹೋಯಿತು?

ನಾಲ್ಕನೆಯದಾಗಿ, ನಮ್ಮ ಸಮುದಾಯದಲ್ಲಿ ಪ್ರವಾಸಿಗರು ಮಾತ್ರ ಇಲ್ಲ. ಬಸ್ಸಿನ ಮಾಲಕರು, ಚಾಲಕರು, ಟ್ರಾವೆಲ್ಸ್ ನಡೆಸುವವರು, ಉಮ್ರಾ ತಂಡ ಒಯ್ಯುವವರು, ಹೋಟೆಲು, ಹೋಮ್‌ಸ್ಟೇ ಇಟ್ಟವರು ಬಹಳ ಮಂದಿ ಇದ್ದಾರೆ. ಈ ವ್ಯಾಪಾರ ಹಲಾಲ್, ಇದರಿಂದ ಅನೇಕ ಮನೆಗಳ ಒಲೆ ಉರಿಯುತ್ತದೆ. ಆದರೆ ಹಲಾಲ್ ಎಂಬುದು ತಟ್ಟೆಯ ಮಾಂಸಕ್ಕೆ ಮಾತ್ರ ಸೀಮಿತವಲ್ಲ. ಹಾನಿ ಮಾಡಬಾರದು, ಹಾನಿಗೆ ಪ್ರತಿಯಾಗಿಯೂ ಹಾನಿ ಮಾಡಬಾರದು ಎಂಬ ಹದೀಸಿನ ತತ್ವ ಫಿಕ್‌ಹ್‌ನ ದೊಡ್ಡ ಆಧಾರಗಳಲ್ಲೊಂದು. ಶೌಚದ ನೀರನ್ನು ತೋಡಿಗೆ ಬಿಡುವ ಹೋಮ್‌ಸ್ಟೇ, ಕಸವನ್ನು ಮೋರಿಗೆ ಸುರಿಯುವ ಹೋಟೆಲು, ಅಡುಗೆ ಮಾಡಿದ ಜಾಗವನ್ನು ಹಾಗೆಯೇ ಬಿಟ್ಟು ಹೊರಡುವ ಟೂರ್ ಬಸ್ಸು ಈ ತತ್ವದ ಮುಂದೆ ನಿಲ್ಲಲಾರವು.

ಗುಡ್ಡವನ್ನು ಕಡಿದಾಗಿ ಕೊರೆದು ಕಟ್ಟುವ ಮುನ್ನ ಎರಡು ದುರಂತಗಳನ್ನು ನೆನೆಯಬೇಕು. 2018ರ ಆಗಸ್ಟ್‌ನಲ್ಲಿ ಕೊಡಗಿನ ಗುಡ್ಡಗಳು ಕುಸಿದವು. 2024ರ ಜುಲೈ 30ರ ನಸುಕಿನಲ್ಲಿ ವಯನಾಡಿನ ಮುಂಡಕ್ಕೈ, ಚೂರಲ್‌ಮಲ ಮಣ್ಣಿನಡಿ ಹೋದವು. ಅಲ್ಲಿ ಮಡಿದವರಲ್ಲಿ ಎಲ್ಲ ಧರ್ಮದವರೂ ಇದ್ದರು, ತೋಟದ ಬಡ ಕಾರ್ಮಿಕರೂ ಇದ್ದರು. ಅಲ್ಲಾಹನು ಸಂತ್ರಸ್ತರಿಗೆ ಸಾಂತ್ವನ ನೀಡಲಿ. ತತ್‌ಕ್ಷಣದ ಕಾರಣ ಅತಿಮಳೆಯೇ. ಆದರೆ ಇಳಿಜಾರನ್ನು ಕತ್ತರಿಸಿ, ನೀರು ಹರಿಯುವ ತೋಡನ್ನು ಮುಚ್ಚಿದರೆ ಆ ಮಳೆಯ ಪೆಟ್ಟು ಹೆಚ್ಚುತ್ತದೆ ಎಂಬುದು ಮಲೆನಾಡಿನ ಹಿರಿಯರಿಗೂ ಭೂವಿಜ್ಞಾನಿಗಳಿಗೂ ಗೊತ್ತಿರುವ ವಿಚಾರ. ಆದ್ದರಿಂದ ಜಾಗ ಕೊಳ್ಳುವ, ಹಣ ಹೂಡುವ ಸಹೋದರರು ಲಾಭದ ಲೆಕ್ಕಕ್ಕಿಂತ ಮೊದಲು, ಈ ಕಟ್ಟಡದ ಕೆಳಗೆ ಯಾರ ಮನೆಗಳಿವೆ ಎಂದು ಕೇಳಬೇಕು. ಆಖಿರತ್‌ನಲ್ಲಿ ಆ ಲೆಕ್ಕ ಬರುತ್ತದೆ.

‘ಒಂದು ಬಾಟಲಿಯಿಂದ ಏನಾಗುತ್ತದೆ?’ ಎಂದು ಕೇಳುವವರಿದ್ದಾರೆ. ವಿಶ್ವಾಸಕ್ಕೆ ಎಪ್ಪತ್ತಕ್ಕೂ ಮಿಕ್ಕಿದ ಶಾಖೆಗಳಿವೆ, ದಾರಿಯಿಂದ ತೊಂದರೆಯ ವಸ್ತುವನ್ನು ಸರಿಸುವುದು ಅವುಗಳಲ್ಲೊಂದು ಎಂದು ಪ್ರವಾದಿ(ಸ)ರು ಕಲಿಸಿದ್ದಾರೆ. ದಾರಿಯ ಮೇಲಿದ್ದ ಮುಳ್ಳಿನ ಕೊಂಬೆಯನ್ನು ಸರಿಸಿದ ಒಬ್ಬ ವ್ಯಕ್ತಿಗೆ ಅಲ್ಲಾಹನು ಕ್ಷಮೆ ನೀಡಿದನೆಂಬ ಹದೀಸ್ ಕೂಡ ಇದೆ. ಒಂದು ಕೊಂಬೆಯನ್ನು ಸರಿಸುವುದಕ್ಕೆ ಅಷ್ಟು ಪ್ರತಿಫಲವಿದ್ದರೆ, ಒಂದು ಗಾಜಿನ ಬಾಟಲಿಯನ್ನು ಎಸೆಯುವುದರ ಲೆಕ್ಕವೂ ಸಣ್ಣದಾಗಿರದು. ಇಡೀ ಲೋಕದ ಪ್ರವಾಸಗಳನ್ನು ಕೂಡಿಸಿದರೆ, 2013ರ ಅಂಕಿಅಂಶಗಳನ್ನು ಆಧರಿಸಿದ ಒಂದು ಅಧ್ಯಯನದಂತೆ, ಭೂಮಿಯನ್ನು ಬಿಸಿಮಾಡುವ ಅನಿಲಗಳಲ್ಲಿ ಶೇ. 8ರಷ್ಟು ಪಾಲು ಅವುಗಳದ್ದೇ. ಅದರಲ್ಲಿ ವರ್ಷಕ್ಕೊಮ್ಮೆ ಬಸ್ಸು ಹತ್ತುವ ಬಡ ಕುಟುಂಬದ ಪಾಲು ಅತ್ಯಲ್ಪ, ಮತ್ತೆಮತ್ತೆ ವಿಮಾನ ಹತ್ತುವವರ ಪಾಲು ದೊಡ್ಡದು. ಯಾರಿಗೆ ಹೆಚ್ಚು ಸಿಕ್ಕಿದೆಯೋ ಅವರ ವಿಚಾರಣೆಯೂ ಹೆಚ್ಚು.

ಹಾಗಾದರೆ ಏನು ಮಾಡೋಣ?

ಹೊರಡುವ ಮುನ್ನ ಪ್ರಯಾಣದ ದುಆ ಕಲಿಯೋಣ, ಮಕ್ಕಳಿಗೂ ಕಲಿಸೋಣ. ಆ ದುಆದಲ್ಲಿ ಪ್ರಯಾಣಿಕನು ಅಲ್ಲಾಹನಲ್ಲಿ ಒಳಿತನ್ನೂ ತಕ್ವಾವನ್ನೂ ಬೇಡುತ್ತಾನೆ. ಬೇಡಿದ ಮೇಲೆ ಅದರಂತೆ ನಡೆಯಬೇಕು.

ಮನೆಯಿಂದ ಸ್ಟೀಲ್ ತಟ್ಟೆ, ಲೋಟ, ನೀರಿನ ಕ್ಯಾನ್ ಒಯ್ಯೋಣ. ದೇಶದಲ್ಲಿ ಒಮ್ಮೆ ಬಳಸಿ ಎಸೆಯುವ ಅನೇಕ ಪ್ಲಾಸ್ಟಿಕ್ ವಸ್ತುಗಳು 2022ರ ಜುಲೈ 1ರಿಂದಲೇ ನಿಷಿದ್ಧ. ಬೇಕಾದಷ್ಟೇ ಅಡುಗೆ ಮಾಡೋಣ. ಮಿಕ್ಕ ಅನ್ನ, ಮೂಳೆಗಳನ್ನು ಕಾಡಿನ ಅಂಚಿನಲ್ಲಿ ಸುರಿಯದೆ ಚೀಲದಲ್ಲಿ ಕಟ್ಟಿ ಕಸದ ತೊಟ್ಟಿಯಿರುವ ಊರಿನವರೆಗೆ ತರೋಣ.

ಹೋಗುವ ಜಿಲ್ಲೆಯ ನಿಯಮವೇನು, ಪಾಸ್ ಬೇಕೇ, ಗೇಟು ಎಷ್ಟು ಹೊತ್ತಿಗೆ ಮುಚ್ಚುತ್ತದೆ ಎಂದು ಮೊದಲೇ ವಿಚಾರಿಸೋಣ. ಹಣ ಕೊಟ್ಟು, ಪರಿಚಯ ಹೇಳಿ ನಿಯಮ ತಪ್ಪಿಸಿಕೊಳ್ಳುವುದು ಬೇಡ.

ಘಟ್ಟದ ಮೇಲಿನ ಸಣ್ಣ ಮಸೀದಿಗಳಲ್ಲಿ ನಮಾಝ್‌ಗೆ ಇಳಿದಾಗ ನೀರು ಮಿತವಾಗಿ ಬಳಸೋಣ. ಬೇಸಿಗೆಯಲ್ಲಿ ಅಲ್ಲಿಗೂ ಟ್ಯಾಂಕರ್ ನೀರೇ ಗತಿಯಾಗಿರಬಹುದು. ಪ್ರವಾದಿ(ಸ)ರು ಒಂದು ಮುದ್ದ್, ಅಂದರೆ ಒಂದು ದೊಡ್ಡ ಬೊಗಸೆಯಷ್ಟು ನೀರಿನಲ್ಲಿ ವುಝೂ ಮುಗಿಸುತ್ತಿದ್ದರು. ಶೌಚಾಲಯ ಶುಚಿಯಾಗಿಟ್ಟು, ಮಸೀದಿಯ ಡಬ್ಬಿಗೆ ಏನಾದರೂ ಹಾಕಿ ಹೊರಡೋಣ.

ದೃಷ್ಟಿ ತಗ್ಗಿಸುವುದು ದಾರಿಯ ಹಕ್ಕುಗಳಲ್ಲಿ ಮೊದಲನೆಯದು. ಮೊಬೈಲಿನ ಕ್ಯಾಮರಾಕ್ಕೂ ಅದು ಅನ್ವಯ. ಹಾಡಿಯ ಜೇನುಕುರುಬರ, ಸೋಲಿಗರ ಮನೆಯ ಹೆಂಗಸರು ಮಕ್ಕಳು ನೋಟದ ವಸ್ತುಗಳಲ್ಲ. ಕೇಳದೆ ಚಿತ್ರ ತೆಗೆಯಬಾರದು. ಅವರು ಮಾರುವ ಜೇನು, ಹಣ್ಣುಗಳನ್ನು ನ್ಯಾಯವಾದ ಬೆಲೆಗೆ ಕೊಳ್ಳೋಣ. ಸಂದರ್ಶಿಸಿದ ಊರಿನ ಬಡವನ ಕೈಗೂ ನಮ್ಮ ಖರ್ಚಿನ ಒಂದಂಶ ತಲುಪಲಿ.

ಜಮಾಅತ್‌ನವರು, ಯುವಕ ಸಂಘದವರು ಟೂರ್ ಬಸ್ಸು ಹೊರಡಿಸುವಾಗ ತಂಡಕ್ಕೊಬ್ಬ ಅಮೀರ್‌ನನ್ನು ನೇಮಿಸುವುದು ಸುನ್ನತ್. ಲಗೇಜು, ನಮಾಝಿನ ಜೊತೆಗೆ ಕಸದ ಚೀಲದ ಹೊಣೆಯೂ ಆ ಅಮೀರ್‌ಗಿರಲಿ. ಬಸ್ಸು ಹೊರಡುವ ಮುನ್ನ ಐದು ನಿಮಿಷ ಎಲ್ಲರೂ ಇಳಿದು, ಕುಳಿತ ಜಾಗವನ್ನು ಬಂದಾಗ ಇದ್ದುದಕ್ಕಿಂತ ಚೊಕ್ಕಟಗೊಳಿಸಿ ಹತ್ತಲಿ. ಬೇರೆಯವರು ಬಿಟ್ಟುಹೋದದ್ದನ್ನು ಹೆಕ್ಕಿದರೆ ಅದೂ ಸದಕಾ. ನಮ್ಮ ಮಕ್ಕಳು ಇದನ್ನು ನೋಡಿ ಕಲಿಯುವಷ್ಟು ಯಾವ ಭಾಷಣದಿಂದಲೂ ಕಲಿಯರು.

ಸಹೋದರರೇ, ನಾವೆಲ್ಲರೂ ಈ ಲೋಕದಲ್ಲಿ ಪ್ರಯಾಣಿಕರೇ. ನೆರಳಿನಲ್ಲಿ ತುಸು ಹೊತ್ತು ಕುಳಿತು ಎದ್ದು ಹೋಗುವವರು. ನಮ್ಮ ನಂತರ ಬರುವವನಿಗೂ ಆ ನೆರಳು ಬೇಕು.

ಅಲ್ಲಾಹನೇ, ನಮ್ಮ ಪ್ರಯಾಣಗಳನ್ನು ಸುರಕ್ಷಿತಗೊಳಿಸು. ನಮ್ಮ ಕೈಯಿಂದ, ನಮ್ಮ ವಾಹನಗಳಿಂದ, ನಮ್ಮ ವ್ಯಾಪಾರದಿಂದ ನಿನ್ನ ಯಾವ ಸೃಷ್ಟಿಗೂ ಹಾನಿಯಾಗದಂತೆ ಕಾಪಾಡು. ಬೆಟ್ಟದಲ್ಲಿರುವವರಿಗೂ ಬಯಲಲ್ಲಿರುವವರಿಗೂ ಶುದ್ಧ ನೀರನ್ನೂ ಹದವಾದ ಮಳೆಯನ್ನೂ ಕರುಣಿಸು. ನಿನ್ನ ಭೂಮಿಯ ಮೇಲೆ ವಿನಯದಿಂದ ನಡೆಯುವ ದಾಸರಲ್ಲಿ ನಮ್ಮನ್ನೂ ನಮ್ಮ ಮಕ್ಕಳನ್ನೂ ಸೇರಿಸು. ಆಮೀನ್.